ಮಾಹಿತಿದಾರರು ಒಂದು, ಎರಡು, ಮೂರು

ಓದುವಾಗ ಅವರ ಮುಖ ಕಾಣುತ್ತಿರಲಿಲ್ಲ. ಕನ್ನಡಕವನ್ನು ತಲೆಯ ಮೇಲಕ್ಕೆ ಸರಿಸಿ, ಹಾಳೆಯನ್ನು ಮೂಗಿಗೆ ತಾಗುವಷ್ಟು ಹತ್ತಿರ ಹಿಡಿಯುತ್ತಿದ್ದರು. ಈಚೆ ಕುಳಿತ ನನಗೆ ಹಾಳೆಯ ಬೆನ್ನು, ಅದರ ಎರಡೂ ಬದಿಯಲ್ಲಿ ಕೆದರಿದ ನರೆಗೂದಲು ಮಾತ್ರ ಕಾಣುತ್ತಿತ್ತು. ವಾಕ್ಯ ಹಿಡಿಸದಿದ್ದರೆ ಉಸಿರು ಬಿರುಸಾಗಿ ಹಾಳೆ ಅದುರುತ್ತಿತ್ತು.

ಅವರು ನನ್ನ ಪಿಎಚ್‌ಡಿ ಮಾರ್ಗದರ್ಶಕಿ. ನಾನು ಮೇಡಂ ಎನ್ನುತ್ತಿದ್ದೆ. ಬಿಜೂರಿನ ಅವರ ಮನೆಯ ಜಗಲಿಯಲ್ಲೇ ನನ್ನ ಅಧ್ಯಾಯಗಳೆಲ್ಲ ಹರಿದು, ಮತ್ತೆ ಕೂಡಿಕೊಂಡವು. ‘ಎನ್ನಲಾಗುತ್ತದೆ’, ‘ಅಭಿಪ್ರಾಯಪಡಲಾಗಿದೆ’ ಎಂದೆಲ್ಲ ಬರೆದರೆ ಪೆನ್ಸಿಲಿನಿಂದ ಅಡ್ಡ ಗೀಟು ಎಳೆಯುತ್ತಿದ್ದರು.

“ಯಾರ್ ಹೇಳದ್ದ್ ಇದ್? ಗಾಳಿ ಹೇಳಿತಾ? ಹೇಳ್ದವ್ರನ್ನ ಮುಂದೆ ತಕೊಂಡ್ ಬಾ ಹೆಣೆ.” ಹೆಣೆ ಎಂದರೆ ಹುಡುಗಿ; ನನ್ನನ್ನು ಹಾಗೇ ಕರೆಯುತ್ತಿದ್ದರು.

ಮರವಂತೆಯಿಂದ ಬೈಂದೂರಿನವರೆಗೆ ಮೀನು ಮಾರುವ ಹೆಂಗಸರ ದುಡಿಮೆ ನನ್ನ ವಿಷಯ. ಸಂಶೋಧನೆಯಲ್ಲಿ ಮಾತಾಡಿದವರ ಹೆಸರು ಮರೆಮಾಡುವುದು ವಾಡಿಕೆ ಎಂದು ಅವರಿಗೆಲ್ಲ ಹೇಳಿದ್ದೆ. ಇಬ್ಬರು ಸರಿ ಎಂದರು. ಉಳಿದವರು ಒಪ್ಪಲಿಲ್ಲ. ಮರವಂತೆಯ ಒಬ್ಬ ಅಜ್ಜಿಯಂತೂ ಬುಟ್ಟಿ ಕೆಳಗಿಟ್ಟು ಕೇಳಿದ್ದರು: “ಮನಿಗೆ ಗಂಡನ್ ಹೆಸ್ರ್ ಇತ್ತ್, ಬೋಟಿಗೆ ಮಗನ್ ಹೆಸ್ರ್ ಇತ್ತ್. ನನ್ ಹೆಸ್ರ್ ಎಲ್ಲಿತ್ತ್?”

ಮೇಡಮ್ಮಿಗೆ ಇದನ್ನು ಹೇಳಿದಾಗ ಹಾಳೆ ಕೆಳಗಿಟ್ಟು ನನ್ನನ್ನೇ ನೋಡಿದರು. “ಹಾಂಗಾರೆ ಹೆಸ್ರ್ ಇರ್ಲಿ. ಬ್ಯಾಡ ಅಂದವ್ರದ್ ಮಾತ್ರ ತೆಗಿ.”

ಸಂಶೋಧನಾ ಸಮಿತಿಯ ಸಭೆಯಲ್ಲಿ ಅಧ್ಯಕ್ಷರು ಪ್ರಬಂಧ ಮಡಚಿ ಬದಿಗಿಟ್ಟರು. “ಹೆಸರು ತೆಗೆದು ಮಾಹಿತಿದಾರರು ಒಂದು, ಎರಡು, ಮೂರು ಎಂದು ಹಾಕಿಸಿ ಮೇಡಂ. ನಿಯಮ ನಿಯಮವೇ.”

ಅಂಥ ಸಭೆಗಳಲ್ಲಿ ಎಲ್ಲರೂ ಪುಸ್ತಕದ ಕನ್ನಡ ಆಡುತ್ತಾರೆ. ಮೇಡಂ ಆಡಲಿಲ್ಲ. “ನಿಯಮ ಇಪ್ಪುದ್ ಅವ್ರನ್ನ ಕಾಪಾಡೂಕೆ. ಅವ್ರೇ ನಮ್ಮ್ ಹೆಸ್ರ್ ಬೇಕ್ ಅಂಬ್ರ್. ಈಗ ನೀವ್ ಕಾಪಾಡೂದ್ ಯಾರನ್ನ?”

ಅಧ್ಯಕ್ಷರ ಮುಖ ಕೆಂಪಾಯಿತು. “ನಿಮ್ಮ ನಿವೃತ್ತಿ ಹತ್ತಿರವಿದೆ. ಆಮೇಲೆ ಈ ಹುಡುಗಿಗೆ ಬೇರೆ ಗೈಡ್ ಕೊಡುತ್ತೇವೆ. ಆಗ ಎಲ್ಲ ಸರಿಯಾಗುತ್ತದೆ.”

ಹಿಂದಿರುಗುವ ಬಸ್ಸು ಕುಂದಾಪುರ ದಾಟಿತು. ಮನೆಯಲ್ಲಿ ನನ್ನ ಓದು ಮುಗಿಯುವುದನ್ನೇ ಕಾಯುತ್ತಿದ್ದರು. ನನ್ನ ಕಾಲೇಜಿನ ಕೆಲಸ ಕಾಯಂ ಆಗಲು ಪದವಿ ಬೇಕಿತ್ತು. ಕೊನೆಗೆ ಕೇಳಿದೆ, “ಮೇಡಂ, ತೆಗೆದೇಬಿಡಲಾ?”

“ತೆಗಿ. ನಿನ್ ಹೆಸ್ರ್ ಸಹ ತೆಗಿ, ನಂದೂ ತೆಗಿ. ಸಂಶೋಧಕಿ ಒಂದು, ಮಾರ್ಗದರ್ಶಕಿ ಒಂದು ಅಂದೇಳಿ ಹಾಕ್.”

ನನಗೆ ಅಳುವೂ ನಗುವೂ ಒಟ್ಟಿಗೆ ಬಂತು. ಹೆಸರುಗಳು ಉಳಿದವು.

ಮೇಡಂ ಕುಲಪತಿಗಳ ಕಚೇರಿಯವರೆಗೂ ಹೋದರು. ಹೊರಗಿನ ತಜ್ಞರಿಂದ ಪರಿಶೀಲನೆ ಮಾಡಿಸಿ ಎಂದು ಪಟ್ಟು ಹಿಡಿದರು. ಕಚೇರಿಯವರು ನಾಳೆ ಬನ್ನಿ ಎಂದರೆ ನಾಳೆ ಹೋಗುತ್ತಿದ್ದರು. ಸಾಹೇಬರು ಇಲ್ಲ ಎಂದರೆ ಬೆಂಚಿನಲ್ಲಿ ಕುಳಿತು ಓದುತ್ತಿದ್ದರು. ಅವರಿಗೆ ಹೊಸ ವಿದ್ಯಾರ್ಥಿಗಳನ್ನು ಕೊಡುವುದು ನಿಂತಿತು. ಸಹೋದ್ಯೋಗಿಗಳು ಊಟಕ್ಕೆ ಕರೆಯುವುದೂ ನಿಂತಿತು. ನಿವೃತ್ತಿಯ ದಿನ ಬೀಳ್ಕೊಡುಗೆಯೂ ಆಗಲಿಲ್ಲ. “ಒಳ್ಳೇದೇ ಆಯ್ತ್. ಹೊಗಳೂದನ್ನ ಕೇಂಬುಕೆ ಪುರ್ಸೊತ್ತ್ ಎಲ್ಲಿತ್ತ್?” ಎಂದು ಅಂದು ಸಂಜೆಯೇ ನನ್ನ ಕೊನೆಯ ಅಧ್ಯಾಯ ಹಿಡಿದು ಕುಳಿತರು. ಸಂಬಳವಿಲ್ಲದೆಯೂ ಗೈಡ್ ಸ್ಥಾನ ಬಿಟ್ಟುಕೊಡಲಿಲ್ಲ.

ಹೊರಗಿನಿಂದ ಬಂದ ತಜ್ಞೆ ಆ ಹೆಂಗಸರನ್ನು ಒಬ್ಬೊಬ್ಬರಾಗಿ ಕಂಡು ಮಾತಾಡಿದರು. ಪ್ರಬಂಧ ಹೆಸರುಗಳ ಸಮೇತ ಒಪ್ಪಿಗೆಯಾಯಿತು. ಅಷ್ಟರಲ್ಲಿ ನನ್ನ ಜೊತೆಗೆ ಸೇರಿದವರೆಲ್ಲ ಪದವಿ ಪಡೆದಾಗಿತ್ತು. ಅದಕ್ಕೆ ನಾನು ಯಾವತ್ತೂ ಮರುಗಿಲ್ಲ.

ಹೋದ ಮಳೆಗಾಲದಲ್ಲಿ ಮೇಡಂ ತೀರಿಕೊಂಡರು. ಮಧ್ಯಾಹ್ನ ಊಟ ಮಾಡಿ ಮಲಗಿದವರು ಏಳಲಿಲ್ಲ. ಬದುಕಿದ್ದಾಗ ಊಟಕ್ಕೆ ಕರೆಯದವರು ಸಂತಾಪ ಸಭೆಗೆ ನನ್ನನ್ನು ಮಾತಾಡಲು ಕರೆದರು. ನಾನು ಹೋಗಲಿಲ್ಲ.

ಈಗ ಬ್ರಹ್ಮಾವರದ ಕಾಲೇಜೊಂದರಲ್ಲಿ ಪಾಠ ಮಾಡುತ್ತಿದ್ದೇನೆ. ಈ ವರ್ಷ ನನಗೂ ಗೈಡ್ ಆಗುವ ಅವಕಾಶ ಬೇಕೆಂದು ಸಂದರ್ಶನಕ್ಕೆ ಹೋಗಿದ್ದೆ. ಮಂಡಳಿಯಲ್ಲಿ ಹಳೆಯ ಅಧ್ಯಕ್ಷರೇ ಇದ್ದರು.

“ನಿಮ್ಮ ಗೈಡ್ ಬಹಳ ಹಟಮಾರಿ. ನೀವು ಹಾಗಲ್ಲ ತಾನೆ?”

“ನನಗೆ ಬರೆಯಲು ಕಲಿಸಿದ್ದೇ ಅವರು ಸರ್. ಇನ್ನು ಹೇಗಿರಲಿ?” ಎಂದೆ.

ಅನುಮತಿ ಇನ್ನೂ ಬಂದಿಲ್ಲ. ನಾಳೆ ಮತ್ತೆ ಕೇಳಲು ಹೋಗುತ್ತಿದ್ದೇನೆ.