ದಾಖಲೆಯೊಳಗಿನ ಹೆಂಡತಿ

ಬೀಗ ಹಾಕಿ ಹೊರಟವನು ಮತ್ತೆ ತಿರುಗಿ ಬಂದು ಜಗ್ಗಿ ನೋಡುವ ಜಾತಿ ನನ್ನದು. ಎಂಬತ್ತರ ದಶಕದ ಕೊನೆಗೆ ವಾಸ್ಕೋ ಬಂದರಿನ ಹತ್ತಿರದ ಸಡಾದಲ್ಲಿ ಇನ್ನೂ ಮೂವರು ಗಂಡಸರೊಂದಿಗೆ ಒಂದೇ ಕೋಣೆಯಲ್ಲಿದ್ದೆ. ಕದಿಯುವಂಥದ್ದೇನೂ ಅಲ್ಲಿರಲಿಲ್ಲ, ಆದರೂ ಜಗ್ಗುತ್ತಿದ್ದೆ. ಅವರ ನಡುವೆ ಹೆಂಡತಿಯನ್ನು ಎಲ್ಲಿ ಇರಿಸಲಿ? ಅವಳು ಬಿಜಾಪುರದ ಕಡೆ, ಊರಿಗೆ ಮರಳಿದ್ದ ತಂದೆಯ ಮನೆಯಲ್ಲಿದ್ದಳು. ಸಂಜೆ ಬಂದರಿನ ಕೆಲಸ ಮುಗಿಸಿ ಬಂದರೆ ಮೂವರೂ ಇಸ್ಪೀಟಿಗೆ ಕೂತಿರುತ್ತಿದ್ದರು. ನಾನು ಹೊಸ್ತಿಲ ಮೇಲೆ ಕೂತು ದೀಪ ಹತ್ತಿದ ಹಡಗುಗಳನ್ನು ನೋಡುತ್ತಿದ್ದೆ.

ಬಂದರಿನವರು ಸಂಸಾರಸ್ಥರಿಗೆ ಬೇರೆ ಕೋಣೆ ಕೊಡುತ್ತಾರೆಂದು ಗೊತ್ತಾಯಿತು. ಆದರೆ ಮದುವೆ ದಾಖಲೆಯ ಸರ್ಕಾರಿ ನಕಲು ಬೇಕು. ತಿಂಗಳೊಳಗೆ ತರದಿದ್ದರೆ ಕೋಣೆ ಮುಂದಿನವನಿಗೆ. ಮದುವೆಯಾದಾಗಲೇ ಒಂದು ನಕಲು ತೆಗೆದುಕೊಳ್ಳಬಹುದಿತ್ತು. ಎಲ್ಲಿ ಕಳೆದುಬಿಡುತ್ತೇನೋ ಎಂಬ ಚಿಂತೆಯಲ್ಲಿ ತೆಗೆದುಕೊಂಡೇ ಇರಲಿಲ್ಲ.

ಅವಳ ಮನೆಯವರು ಆಗ ಮಡಗಾಂವ್‌ನ ಮೋತಿ ಡೊಂಗರ್‌ನಲ್ಲಿದ್ದುದರಿಂದ ನಮ್ಮ ಮದುವೆಯ ನೋಂದಣಿ ಆದದ್ದೂ ಅಲ್ಲೇ. ಅಲ್ಲಿಯ ಕಾಯ್ದೆಯಂತೆ ಲಗ್ನಕ್ಕೆ ಮೊದಲೇ ಎರಡು ಸಲ ಕಚೇರಿಗೆ ಹೋಗಿ ಸಹಿ ಹಾಕಿದ್ದೆವು. ತಲೆಯ ಮೇಲೆ ಅಕ್ಕಿಕಾಳು ಬಿದ್ದದ್ದು ಆಮೇಲೆ. ನೋಂದಣಿಯಾದ ಕಚೇರಿಯಲ್ಲೇ ನಕಲು ಸಿಗುವುದೆಂದು ತಿಳಿದು, ರಜೆ ಹಾಕಿ ಹೋಗಿ, ಇಬ್ಬರ ಹೆಸರು, ವರ್ಷ ಬರೆದ ಅರ್ಜಿಯನ್ನು ಕಿಟಕಿಯಲ್ಲಿ ಕೊಟ್ಟೆ. ಗುಮಾಸ್ತ ಬಹಳ ಹೊತ್ತು ಹುಡುಕಿ, ಅಂಥ ಹೆಸರಿನ ಹೆಂಗಸೇ ಇಲ್ಲವೆಂದು ತಲೆಯಾಡಿಸಿದ.

ನಾನು ಕಿಟಕಿಯ ಸರಳು ಹಿಡಿದುಕೊಂಡೆ. ಹಾಗಾದರೆ ಬಿಜಾಪುರದಲ್ಲಿ ಕಾಯುತ್ತಿರುವವಳು ಯಾರು?

ಹಿಂದೆ ನಿಂತಿದ್ದ ನಮ್ಮ ಕಡೆಯ ಮುದುಕಿಗೆ ತಾಳ್ಮೆ ತಪ್ಪಿತು. "ಏ ತಮ್ಮಾ, ಕಿಟಕಿ ಹಿಡಕೊಂಡು ಅಳಾಕತ್ತೀಯೇನು? ಏನಾತು?"

"ಹೇಣ್ತಿ ಹೆಸರು ಸಿಗವಲ್ದು ಆಯಿ."

"ಯಾವ ಹೆಸರು ಬರದಿ? ಲಗ್ನದಾಗ ನೀವು ಇಟ್ಟಿದ್ದೋ, ಆಕಿ ತವರುಮನಿದೋ?"

"ನಾವು ಇಟ್ಟಿದ್ದು."

"ಅಯ್ಯ ಶಿವನ! ಸಹಿ ಮಾಡುವಾಗ ಆಕಿ ಇನ್ನಾ ಅಪ್ಪನ ಮಗಳಿದ್ಲು. ಅಕ್ಕಿಕಾಳು ಬೀಳೂಕಿಂತ ಮೊದ್ಲ ನಿಮ್ಮ ಹೆಸರು ಎಲ್ಲಿಂದ ಬರಬೇಕು?"

ಖರೇ. ಮದುವೆಯ ದಿನ ನಮ್ಮ ಮನೆಯವರು ಇಟ್ಟ ಹೆಸರನ್ನು ಬರೆದಿದ್ದೆ. ತವರಿನ ಹೆಸರು ನೆನಪಿತ್ತು, ಆದರೆ ಬಾಯಿಗೆ ಬರಲಿಲ್ಲ. ನಾನು ಅವಳನ್ನು ಯಾವ ಹೆಸರಿನಿಂದಲೂ ಕರೆದವನಲ್ಲ. "ಏ, ಕೇಳಿಲ್ಲಿ" ಎಂದರೆ ಸಾಕಾಗುತ್ತಿತ್ತು.

"ಹೇಳೋ, ಗಂಡನ ಹೆಸರು ಹೇಳಾಕ ನಾಚೂ ಸೊಸಿ ಆಗ್ಯಾನ!" ಎಂದು ಮುದುಕಿ ಚುಚ್ಚಿದಳು.

ಹೇಳಿದೆ. ಸಿಕ್ಕಳು. ಕೆಲ ದಿನ ಬಿಟ್ಟು ಮತ್ತೆ ಹೋಗಿ, ಮುದ್ರೆ ಒತ್ತಿದ ನಕಲನ್ನು ಅಂಗಿಯೊಳಗೆ ಇಟ್ಟುಕೊಂಡು, ವಾಸ್ಕೋ ಬಸ್ಸಿನಲ್ಲಿ ದಾರಿಯುದ್ದಕ್ಕೂ ಎದೆ ಮುಟ್ಟಿ ನೋಡಿಕೊಳ್ಳುತ್ತ ಬಂದೆ.

ಕೋಣೆ ಸಿಕ್ಕಿತು. ಅವಳು ಬರುವುದಕ್ಕೆ ಇನ್ನೂ ಜೋಳದ ಸುಗ್ಗಿ ಮುಗಿಯಬೇಕಿತ್ತು. ಮೊದಲ ಸಂಜೆ ಖಾಲಿ ಗೋಡೆಗಳ ನಡುವೆ ನಿಂತು, ಆ ತವರಿನ ಹೆಸರನ್ನು ಒಂದು ಸಲ ಕೂಗಿ ನೋಡಿದೆ.

"ಯಾರ್ ಬೇಕ್ರಿ?" ಎಂದರು ಪಕ್ಕದ ಮನೆಯಿಂದ.

"ಇನ್ನಾ ಬಂದಿಲ್ರಿ" ಎಂದು ಬಾಗಿಲು ಹಾಕಿದೆ. ಆಮೇಲೆ ಚಿಲಕ ಜಗ್ಗಿ ನೋಡಿದೆ.