ಬೀಳಬೇಕಾದದ್ದು ಬೀಳದೆ

ಉಪಗ್ರಹ ನಿಯಂತ್ರಣ ಕೊಠಡಿಯಲ್ಲಿ ಅವಳನ್ನು ಎಲ್ಲರೂ ಕರೆಯುವುದು ‘ಡಿಕ್ಕಿ ಅಕ್ಕ’ ಎಂದೇ. ಬಿರುಗಾಳಿಗಳ ಮೇಲೆ ಕಣ್ಣಿಡುವ ಉಪಗ್ರಹವೊಂದಕ್ಕೆ ಬೇರೇನೂ ಬಂದು ಬಡಿಯದಂತೆ ಕಾಯುವುದು ಅವಳ ಕೆಲಸ. ಹೊಸದರಲ್ಲಿ ಆ ಹೆಸರಿಗೆ ಅವಳೇ ಬಿದ್ದು ಬಿದ್ದು ನಗುತ್ತಿದ್ದಳು; ಎಚ್ಚರಿಕೆ ಬರುತ್ತಿದ್ದದ್ದೇ ಅಪರೂಪ. ಈಗೀಗ ಪರದೆಯಲ್ಲಿ ಎಚ್ಚರಿಕೆಯ ಕೆಂಪು ಮಿನುಗದ ವಾರವೇ ಇಲ್ಲ.

ಕಾರಣ ಅವಳಿಗೆ ಗೊತ್ತು. ನಾವು ಉಗುಳುವ ಇಂಗಾಲದ ಹೊಗೆ ನೆಲದ ಹತ್ತಿರ ಬಿಸಿ ಏರಿಸುತ್ತದೆ. ಬಹು ಎತ್ತರದಲ್ಲಿ ಅದೇ ಹೊಗೆ ಗಾಳಿಯನ್ನು ತಣ್ಣಗಾಗಿಸಿ ಕುಗ್ಗಿಸುತ್ತದೆ. ಸತ್ತ ಉಪಗ್ರಹಗಳನ್ನೂ ರಾಕೆಟ್ಟಿನ ಚೂರುಗಳನ್ನೂ ಮೆಲ್ಲಗೆ ಕೆಳಗೆಳೆದು ಸುಟ್ಟುಹಾಕುತ್ತಿದ್ದದ್ದು ಆ ಗಾಳಿಯೇ. ಅದು ತೆಳುವಾದಷ್ಟೂ ಕಸ ಬೀಳದೆ ಸುತ್ತುತ್ತಲೇ ಇರುತ್ತದೆ.

ಆ ದಿನ ಬೆಳಿಗ್ಗೆ ಅವಳ ತಮ್ಮ ಮೀನು ಹಿಡಿಯಲು ದೋಣಿಯಲ್ಲಿ ಹೊರಟಿದ್ದ. ದೂರದ ಕಡಲಲ್ಲಿ ಬಿರುಗಾಳಿ ಏಳುತ್ತಿತ್ತು.

“ಇವತ್ತು ಬೇಡ ಕಣೋ” ಎಂದು ಫೋನಿನಲ್ಲಿ ಗೋಗರೆದಿದ್ದಳು.

“ಮೇಲೆ ನಿನ್ನ ಕಣ್ಣಿದೆಯಲ್ಲಕ್ಕ. ಗಾಳಿ ಈ ಕಡೆ ತಿರುಗಿದ್ರೆ ಹೇಳಿ ಕಳ್ಸು, ಬಂದ್ಬಿಡ್ತೀನಿ” ಎಂದು ನಕ್ಕಿದ್ದ.

ಮಧ್ಯಾಹ್ನದ ಹೊತ್ತಿಗೆ ಕೆಂಪು ಮಿನುಗಿತು. ಎಂದೋ ಉರಿದುಹೋಗಬೇಕಿದ್ದ ರಾಕೆಟ್ ಚೂರೊಂದು ಅವಳ ಉಪಗ್ರಹದ ದಾರಿಗೇ ಬರುತ್ತಿತ್ತು. ಉಳಿದಿದ್ದ ಇಂಧನ ಒಂದೇ ಒಂದು ಸಲ ಪಕ್ಕಕ್ಕೆ ಸರಿಯುವಷ್ಟು.

“ಈಗ್ಲೇ ಖರ್ಚು ಮಾಡಿದ್ರೆ ಮುಂದಿನ ಸಲ ಏನು ಗತಿ?” ಮೇಲಧಿಕಾರಿ ಕೇಳಿದ.

“ಈಗ ಬಡಿದ್ರೆ ಮುಂದಿನ ಸಲ ಅನ್ನೋದೇ ಇರಲ್ಲ ಸಾರ್.”

ಅವನು ಒಪ್ಪಿ ತಲೆಯಾಡಿಸಿದ. ಅವಳು ಆಜ್ಞೆ ಕಳಿಸಿದಳು. ಉಪಗ್ರಹ ಭೂಮಿಯ ಆಚೆ ಬದಿಗೆ ಜಾರಿ ಮರೆಯಾಯಿತು. ಮತ್ತೆ ಈಚೆ ಬರುವವರೆಗೆ ಏನಾಯಿತೆಂದು ತಿಳಿಯುವ ದಾರಿಯಿರಲಿಲ್ಲ. ಅವಳು ಗಡಿಯಾರ ನೋಡುತ್ತ ಕೂತಳು. ಬಡಿದು ನುಚ್ಚುನೂರಾದರೆ ಆ ಚೂರುಗಳು ಇನ್ಯಾವುದಕ್ಕೆ ಬಡಿಯುತ್ತವೋ, ಅವೂ ಬೀಳುವುದಿಲ್ಲ. ಕೆಳಗೆ ತಮ್ಮ, ಏನೂ ತಿಳಿಯದೆ ಬಲೆ ಬೀಸುತ್ತಿರುತ್ತಾನೆ.

ಕೊನೆಗೂ ಪರದೆಯಲ್ಲಿ ಸಂಕೇತದ ಗೆರೆಯೊಂದು ಅಲುಗಿತು. ಉಪಗ್ರಹ ಬದುಕಿತ್ತು. ಹಿಂದೆಯೇ ಚಿತ್ರ ಬಂತು. ಬಿರುಗಾಳಿ ದಡದತ್ತ ತಿರುಗಿತ್ತು. ಕೂಡಲೇ ದೋಣಿಗಳಿಗೆಲ್ಲ ಎಚ್ಚರಿಕೆ ಹೋಯಿತು.

ಸಂಜೆ ಬಂದರಿನಿಂದ ತಮ್ಮ ಫೋನ್ ಮಾಡಿದ. “ಬಲೆ ಅಲ್ಲೇ ಬಿಟ್ಟು ಬಂದ್ವಿ ಅಕ್ಕ. ಎಲ್ರೂ ಚೆನ್ನಾಗಿದೀವಿ. ನೀನ್ಯಾಕೆ ಅಳ್ತಿದೀಯ?”

“ಮೇಲಿರೋ ಆ ಕಣ್ಣಿಗೆ ಇನ್ನೊಂದ್ಸಲ ತಪ್ಪಿಸ್ಕೊಳ್ಳೋಕೆ ಆಗಲ್ಲ ಕಣೋ, ಇಂಧನ ಮುಗೀತು.”

ಬದಲಿ ಉಪಗ್ರಹ ಹಾರಿಸುವ ಮಾತು ಇನ್ನೂ ಮಾತಾಗಿಯೇ ಇದೆ. ಅವಳು ಅದೇ ಕುರ್ಚಿಯಲ್ಲಿ ಕೂರುತ್ತಾಳೆ. ಎಚ್ಚರಿಕೆ ಬಂದರೆ ಈಗ ಮಾಡುವುದೇನೂ ಇಲ್ಲ, ನೋಡುವುದಷ್ಟೇ. ತಮ್ಮ ಕಡಲಿಗಿಳಿದ ದಿನ ಅವಳು ಊಟಕ್ಕೂ ಆ ಕುರ್ಚಿ ಬಿಟ್ಟು ಏಳುವುದಿಲ್ಲ.