ಗುಬ್ಬಿಯ ಕೋಣೆ

ಆ ಮನೆಯಲ್ಲಿ ಯಾರೂ ಒಳಗಿನಿಂದ ಚಿಲಕ ಹಾಕುತ್ತಿರಲಿಲ್ಲ. ಬಚ್ಚಲಮನೆಯ ಬಾಗಿಲ ಮೇಲೆ ಟವೆಲು ನೇತುಹಾಕಿದರೆ ಮುಗಿಯಿತು, ಒಳಗೆ ಜನ ಇದ್ದಾರೆಂದು ಅರ್ಥ. "ನಿಮ್ಮನೇಲಿ ಸ್ನಾನ ಮಾಡೋಕೂ ಗುಂಡಿಗೆ ಬೇಕು" ಎಂದು ಅಳಿಯ ತಮಾಷೆ ಮಾಡಿದರೆ ಅಮ್ಮ ಮಾತ್ರ ನಗುತ್ತಿರಲಿಲ್ಲ.

ಮಗಳು ಫೋಟೊ ಸ್ಟುಡಿಯೋ ಒಂದರಲ್ಲಿ ವಿಡಿಯೋ ಎಡಿಟಿಂಗ್ ಮಾಡುತ್ತಿದ್ದಳು. ಒಂದು ದಿನ ಲಿಫ್ಟು ಎರಡೇ ಎರಡು ನಿಮಿಷ ಕೆಟ್ಟು ನಿಂತದ್ದಕ್ಕೆ ಎಚ್ಚರ ತಪ್ಪಿ ಬಿದ್ದಳು. ತಾನೆಂದೂ ಎಲ್ಲೂ ಸಿಕ್ಕಿಹಾಕಿಕೊಂಡವಳಲ್ಲ. ಹಾಗಾದರೆ ಈ ಭಯ ಯಾರದ್ದು? ಅಂದಿನಿಂದ, ಈ ಮನೆಯಲ್ಲಿ ಚಿಲಕ ಯಾಕೆ ಹಾಕುವುದಿಲ್ಲ ಹೇಳು ಎಂದು ಅಮ್ಮನ ಬೆನ್ನುಬಿದ್ದಳು.

"ಸತ್ತೋರ ಸುದ್ದಿ ಯಾಕೆ ಕೆದಕ್ತೀಯೇ? ಬೇರೆ ಕೆಲಸ ಇಲ್ವಾ ನಿಂಗೆ?" ಎನ್ನುತ್ತಾ ಅಮ್ಮ ಎರಡು ತಿಂಗಳು ಜಪ್ಪಯ್ಯ ಎಂದರೂ ಬಾಯಿ ಬಿಡಲಿಲ್ಲ. ಆಮೇಲೊಂದು ಮಧ್ಯಾಹ್ನ, ಬಟ್ಟೆ ಮಡಚುತ್ತಾ ಕೂತವಳು ತಾನಾಗಿಯೇ ಶುರುಮಾಡಿದಳು. ಮಗಳು ಸದ್ದಿಲ್ಲದೆ ಫೋನಿನ ರೆಕಾರ್ಡರ್ ಒತ್ತಿದಳು.

ಅಜ್ಜಿ ನೂಲಿನ ಗಿರಣಿಯಲ್ಲಿ ಕೆಲಸಕ್ಕಿದ್ದಳಂತೆ. ಹೆಂಗಸರು ಹೊತ್ತಿಗೆ ಮುಂಚೆ ಹೊರಡಬಾರದೆಂದು ಮೇಸ್ತ್ರಿ ಹೊರಗಿನಿಂದ ಬೀಗ ಜಡಿಯುತ್ತಿದ್ದ. ಬೆಂಕಿ ಬಿದ್ದ ದಿನವೂ ಜಡಿದಿದ್ದ. ಅಜ್ಜಿ ಕಿಟಕಿ ಒಡೆದು ಹಾರಿದಳು. ಹಿಂದೆಯೇ ಇದ್ದ ತಂಗಿ, ಎಲ್ಲರ ಬಾಯಲ್ಲೂ ಗುಬ್ಬಿಯಾಗಿದ್ದ ಹದಿನೇಳರ ಹುಡುಗಿ, ಹಾರಲಿಲ್ಲ. ಒಟ್ಟು ಹನ್ನೊಂದು ಜನ ಹೋದರು. 'ಕೆಲಸದವರ ಅಜಾಗರೂಕತೆ' ಎಂದು ಬರೆದು ಅಧಿಕಾರಿಗಳು ಕಡತ ಮುಚ್ಚಿದರು.

"ನಂಗಾಗ ಆರು ವರ್ಷ ಕಣೇ. ಗುಬ್ಬಿ ಚಿಕ್ಕಮ್ಮ ನನ್ನನ್ನ ಸೊಂಟದ ಮೇಲಿಂದ ಇಳಿಸ್ತಾನೇ ಇರ್ಲಿಲ್ಲ" ಎಂದವಳು ಮಡಚಿಟ್ಟ ಬಟ್ಟೆಯನ್ನೇ ಬಿಡಿಸಿ ಮತ್ತೆ ಮಡಚಿದಳು.

ಮಗಳು ವರ್ಷವಿಡೀ ರಜೆಯ ದಿನಗಳಲ್ಲಿ ಬದುಕುಳಿದ ಮುದುಕಿಯರನ್ನೂ ಸತ್ತವರ ಮನೆಯವರನ್ನೂ ಹುಡುಕಿ ಅಲೆದಳು. ಒಂದು ಖಾಲಿ ಗೋದಾಮಿನಲ್ಲಿ ಪ್ರದರ್ಶನಕ್ಕೆಂದು ಕೋಣೆ ಕಟ್ಟಿದಳು. ಸುತ್ತಲೂ ಬಿಳಿ ನೂಲಿನ ಗೋಡೆ, ಅದರ ಮೇಲೆ ನೂಲು ಹೊಸೆಯುವ ಕೈಗಳ ವಿಡಿಯೋ, ಹನ್ನೊಂದು ಸ್ಪೀಕರು. ಒಂದೊಂದರಲ್ಲೂ ಒಬ್ಬೊಬ್ಬರ ನೆನಪು. ಬಾಗಿಲಿಗೆ ಒಳಗಡೆ ಚಿಲಕ; ಹಾಕುವುದೂ ಬಿಡುವುದೂ ನೋಡುವವರಿಗೆ ಬಿಟ್ಟದ್ದು.

ಮೊದಲ ದಿನ ಅಮ್ಮ ಗೊಣಗುತ್ತಲೇ ಬಂದಳು. ಹೊಸ್ತಿಲಲ್ಲಿ ಸ್ವಲ್ಪ ಹೊತ್ತು ನಿಂತಳು. ಆಮೇಲೆ ಒಳಗೆ ಹೋದವಳೇ ಟಪ್ಪೆಂದು ಚಿಲಕ ಹಾಕಿಕೊಂಡಳು. ಹೊರಗೆ ಮಗಳು ಬಾಗಿಲಿಗೆ ಕಿವಿಯಿಟ್ಟು ನಿಂತಳು. ಕಾಲು ಗಂಟೆಯ ಮೇಲೆ ಅಮ್ಮ ಕೆಂಪು ಕಣ್ಣುಗಳಲ್ಲಿ ಹೊರಬಂದು, "ಚಿಲಕ ಬಿಗಿಯಾಗಿದೆ, ಎಣ್ಣೆ ಬಿಡಿಸು. ವಯಸ್ಸಾದೋರು ಬರ್ತಾರೆ" ಎಂದಳು.

ಬಂದರು ಕೂಡ. ವಾರಕ್ಕೆಂದು ಇಟ್ಟದ್ದು ಮೂರು ತಿಂಗಳು ನಡೆಯಿತು. ಅಮ್ಮ ದಿನವೂ ಬಾಗಿಲ ಬಳಿ ಕುರ್ಚಿ ಹಾಕಿಕೊಂಡು ಬಂದವರಿಗೆಲ್ಲ ಗಟ್ಟಿ ದನಿಯಲ್ಲಿ ಕಥೆ ಹೇಳಿದಳು. ಬೀಗವನ್ನು ಕಣ್ಣಾರೆ ಕಂಡಿದ್ದ ಮೂವರು ಮುದುಕಿಯರು, ಮತ್ತೆ ತನಿಖೆಯಾಗಲೆಂದು ಮಗಳು ಬರೆದ ಅರ್ಜಿಗೆ ಹೆಬ್ಬೆಟ್ಟು ಒತ್ತಿದರು. ಕಡತ ಮತ್ತೆ ತೆರೆಯಿತು. ಒಂದೂವರೆ ವರ್ಷದ ಮೇಲೆ ಹಳೆಯ ವಾಕ್ಯ ಹೊಡೆದುಹಾಕಿ, 'ಹೊರಗಿನಿಂದ ಬೀಗ ಹಾಕಿದ್ದರಿಂದ' ಎಂದು ಬರೆದ ಕಾಗದ ಬಂತು.

ಅಮ್ಮ ಅದನ್ನು ಮೂರು ಸಲ ಜೋರಾಗಿ ಓದಿದಳು. "ಹನ್ನೊಂದು ಜೆರಾಕ್ಸ್ ಮಾಡಿಸೇ. ಒಂದೊಂದು ಮನೆಗೂ ನಾನೇ ಹೋಗಿ ಕೊಟ್ಟು ಬರ್ತೀನಿ" ಎಂದು ಚಪ್ಪಲಿ ಮೆಟ್ಟಿಕೊಂಡಳು.